ಗಣಿ ಕಾಕಾನ ಬೆಲ್ಲ

ಬೆಲ್ಲದ ವಾಸನೆ ಬಂದರೆ ಈಗಲೂ ನನಗೆ ಕಾಕಾನ ಕೆಮ್ಮು ಕೇಳಿಸುತ್ತದೆ.

ಕಾಕಾ ಚಂದ್ರಾಪುರದ ಕಲ್ಲಿದ್ದಲ ಗಣಿಯಲ್ಲಿ ದುಡಿದು ಮಣ್ಣೂರಿಗೆ ಮರಳಿದ್ದ. ಊಟವಾದ ಮೇಲೆ ಅಜ್ಜಿ ಅವನ ಕೈಗೆ ಬೆಲ್ಲದ ದೊಡ್ಡ ಹೆಂಟೆ ಇಡುತ್ತಿದ್ದಳು. ಗಂಟಲಿನ ಧೂಳು ಇಳಿಯಲೆಂದು ಗಣಿಯವರೆಲ್ಲ ತಿನ್ನುತ್ತಾರಂತೆ. ನನಗೆ ಮಾತ್ರ ಚಿಟಿಕೆಯಷ್ಟು. ಹೊಟ್ಟೆ ಉರಿಯುತ್ತಿತ್ತು.

ಒಂದು ಮಧ್ಯಾಹ್ನ ನಾನೂ ಅವನಂತೆ ಎದೆ ಹಿಡಿದುಕೊಂಡು ಕೆಮ್ಮಿದೆ. “ಆಯಿ, ನನಗೂ ದೊಡ್ಡ ಹೆಂಟಿ ಕೊಡು. ದೊಡ್ಡಾಕಿ ಆದಮ್ಯಾಲ ನಾನೂ ಗಣಿಗೇ ಹೋಗ್ತೇನಿ.”

ಎಂದೂ ಕೈಯೆತ್ತದ ಅಜ್ಜಿ ಕಪಾಳಕ್ಕೆ ಹೊಡೆದಳು.

“ತಿನ್ಲಿ ಬಿಡವ್ವಾ, ನನ್ನ ಧೂಳು ಇನ್ನ ಬೆಲ್ಲಕ್ಕ ಇಳಿಯಂಗಿಲ್ಲ” ಎಂದು ಕಾಕಾ ತಾನು ಕಚ್ಚಿದ ಹೆಂಟೆಯನ್ನೇ ನನಗೆ ಕೊಟ್ಟ.

ಅವನ ಹಲ್ಲಿನ ಗುರುತಿನ ಸುತ್ತ, ಅವನು ಕೆಮ್ಮಿ ಉಗುಳುವ ಕಫದಂತೆಯೇ, ಕಪ್ಪಗಿತ್ತು. ನಾನು ಕಚ್ಚಿದ ಕಡೆ ಬರೀ ಹಳದಿ. ಆ ಕಪ್ಪಿಗೂ ನನಗೆ ಹೊಟ್ಟೆ ಉರಿಯಿತು.