ಭಾವಂದಿರ ಆತ್ಮವಿಮರ್ಶೆ

ಇಪ್ಪತ್ತೆಂಟು ವರ್ಷಗಳ ಮೇಲೆ ಅಣ್ಣ ಇಲಾರ್ಯೊ ಬಾಗಿಲಲ್ಲಿ ಚಪ್ಪಲಿ ಬಿಟ್ಟು ಒಳಗೆ ಕಾಲಿಟ್ಟಾಗ, ಪಿಲಾರಳಿಗೆ ಕೈಯಲ್ಲಿದ್ದ ಸೌಟನ್ನು ಎಲ್ಲಿಡಬೇಕೆಂದೇ ತೋಚಲಿಲ್ಲ. ಅಂದು ಅವಳ ಎಪ್ಪತ್ತನೆಯ ಹುಟ್ಟುಹಬ್ಬ. ಏನು ಉಡುಗೊರೆ ಬೇಕೆಂದು ಗಂಡ ಫೆರ್ಮಿನ್ ಕೇಳಿದ್ದಕ್ಕೆ, ನನ್ನ ಅಣ್ಣ ಈ ಮೇಜಿನಲ್ಲಿ ಕೂತು ಉಣ್ಣಬೇಕು, ಬೇರೇನೂ ಬೇಡ ಎಂದಿದ್ದಳು. ಫೆರ್ಮಿನ್ ಎರಡು ದಿನ ಮುಖ ಊದಿಸಿಕೊಂಡು ಓಡಾಡಿ, ಮೂರನೆಯ ದಿನ ತಾನೇ ಫೋನು ಮಾಡಿ ಕರೆದಿದ್ದ.

ಭಾವಂದಿರ ಜಗಳ ಆಸ್ತಿಗಾಗಿ ಅಲ್ಲ, ಮಾರ್ಕ್ಸ್‌ವಾದಕ್ಕಾಗಿ. ಇಬ್ಬರೂ ಇದ್ದ ಕಮ್ಯುನಿಸ್ಟ್ ಪಕ್ಷ ಎರಡಾಗಿ ಒಡೆದ ವರ್ಷ ಅದು ಶುರುವಾಯಿತು. ಕ್ರಾಂತಿ ಚೀನಾದ ದಾರಿ ಹಿಡಿಯಬೇಕು, ಹಳ್ಳಿಯಿಂದ ಹೊರಟು ಪಟ್ಟಣವನ್ನು ಸುತ್ತುಗಟ್ಟಬೇಕು ಎಂದು ಫೆರ್ಮಿನ್ ಹಟ ಹಿಡಿದ. ಅಲ್ಲ, ರಷ್ಯಾದಲ್ಲಿ ಆದ ಹಾಗೆ ಪಟ್ಟಣದ ಕಾರ್ಖಾನೆಗಳಲ್ಲೇ ಹೊತ್ತಿಕೊಳ್ಳಬೇಕು ಎಂದು ಇಲಾರ್ಯೊ. ತಮಾಷೆಯೆಂದರೆ ಫೆರ್ಮಿನ್ ಮನಿಲಾ ಪಕ್ಕದ ಈ ಮರಿಕಿನಾದಲ್ಲೇ ಹುಟ್ಟಿ, ಷೂ ಕಾರ್ಖಾನೆಯಲ್ಲಿ ಅಟ್ಟೆ ಹೊಲಿದು ಬೆಳೆದವನು, ಗದ್ದೆಯ ಕೆಸರು ಮೆಟ್ಟಿದವನೇ ಅಲ್ಲ. ಇಲಾರ್ಯೊ ಇಪ್ಪತ್ತು ವರ್ಷ ಭತ್ತದ ಗದ್ದೆಯಲ್ಲೇ ಕಳೆದವನು. ಇಬ್ಬರೂ ತಮಗೆ ಗೊತ್ತಿಲ್ಲದ್ದರ ಮೇಲೇ ಪ್ರಾಣ ಇಟ್ಟುಕೊಂಡಿದ್ದರು. ಒಬ್ಬರ ಮೇಲೊಬ್ಬರು ಕಿರುಹೊತ್ತಿಗೆ ಬರೆದು ಜರೆದಾಡಿದರೇ ಹೊರತು ಮುಖ ಕೊಟ್ಟು ಮಾತಾಡಲಿಲ್ಲ.

ಮೊದಲು ಊಟ, ಸಿದ್ಧಾಂತ ಆಮೇಲೆ, ಪಾನ್ಸಿತ್ ಆರಿದರೆ ಶಾವಿಗೆಯೆಲ್ಲ ಅಂಟಿಕೊಳ್ಳುತ್ತದೆ ಎಂದು ಪಿಲಾರ್ ಹೇಳಿ ನೋಡಿದಳು. ಇಲಾರ್ಯೊ ಕೂರಲೇ ಇಲ್ಲ. ಪಕ್ಷದ ರೂಢಿ ಅವನ ರಕ್ತದಲ್ಲೇ ಇತ್ತು: ಸಭೆ ಸೇರಿದವರು ಒಬ್ಬೊಬ್ಬರಾಗಿ ಎದ್ದು ನಿಂತು ತಮ್ಮ ತಪ್ಪು ಹೇಳಿಕೊಳ್ಳಬೇಕು, ಕೊನೆಯವರ ಸರದಿ ಮುಗಿಯುವ ತನಕ ಯಾರೂ ಹೊರಗೆ ಹೋಗುವಂತಿಲ್ಲ. ಈ ಮನೆಯಲ್ಲಿ ಫೆರ್ಮಿನ್ ಪಾತ್ರೆ ತೊಳೆಯದೆ ಬಿಟ್ಟದ್ದಕ್ಕೂ ಹಾಗೆಯೇ ಎದ್ದು ನಿಂತು ಆತ್ಮವಿಮರ್ಶೆ ಮಾಡಿಕೊಳ್ಳುತ್ತಿದ್ದ. ಮಾಡಿಕೊಂಡ ಮೇಲೂ ತೊಳೆಯುತ್ತಿರಲಿಲ್ಲ ಎಂಬುದು ಬೇರೆ ಮಾತು.

“ಭಾವ,” ಎಂದ ಇಲಾರ್ಯೊ, ಕುರ್ಚಿಯ ಬೆನ್ನು ಹಿಡಿದುಕೊಂಡು. “ನೀನು ಬರೆದದ್ದು ಒಂದೂ ಬಿಡದೆ ಓದಿದೀನಿ. ಯಾರೋ ಪುಣ್ಯಾತ್ಮರು ಪೋಸ್ಟಲ್ಲಿ ಕಳಿಸ್ತಿದ್ರು. ಉತ್ತರ ಕೊಡೋಕೆ ಅಂತಲೇ ಕೆಂಪು ಗೀಟು ಹಾಕ್ಕೊಂಡು ಓದ್ತಿದ್ದೆ. ಓದ್ತಾ ಓದ್ತಾ ನನ್ನ ತಪ್ಪೇ ಕಾಣೋಕೆ ಶುರುವಾಯ್ತು. ಹಳ್ಳೀನ ಬಿಟ್ಟು ಕ್ರಾಂತಿ ಇಲ್ಲ. ನೀನು ಹೇಳಿದ್ದೇ ಸರಿ.”

ಪಿಲಾರ್ ಖುಷಿಯಿಂದ ಅಣ್ಣನ ತಟ್ಟೆಯನ್ನು ಹತ್ತಿರ ಎಳೆದುಕೊಂಡಳು. ಆ ಪುಣ್ಯಾತ್ಮರು ಅವಳೇ. ಗಂಡ ಬರೆದದ್ದನ್ನು ಅಣ್ಣನಿಗೆ, ಅಣ್ಣ ಬರೆದದ್ದನ್ನು ಗಂಡನಿಗೆ ಅವಳು ಗುಟ್ಟಾಗಿ ಅಂಚೆಗೆ ಹಾಕುತ್ತ ಬಂದಿದ್ದಳು. ಗಂಡನಿಗೆ ಅಕ್ಷರದ ಗುರುತು ಸಿಗಬಾರದೆಂದು ತನ್ನದೇ ಮನೆಯ ವಿಳಾಸವನ್ನು ಎಡಗೈಯಲ್ಲಿ ಬರೆಯುತ್ತಿದ್ದಳು.

ಆದರೆ ಫೆರ್ಮಿನ್‌ನ ಮುಖ ಬಿಳಿಚಿಕೊಂಡಿತ್ತು. ಅವನೂ ಎದ್ದು, ಅಂಗಿಯ ಜೇಬಿನಿಂದ ಮಡಿಸಿದ ಹಾಳೆ ತೆಗೆದ.

“ನಂಗೂ ನಿಂದು ಬರ್ತಿತ್ತು ಭಾವ. ನಾನೂ ಓದಿದೆ. ಹಳ್ಳಿ ಖಾಲಿ ಆಗಿದೆ, ಜನ ಎಲ್ಲ ಇಲ್ಲೇ ಪಟ್ಟಣದಲ್ಲಿದಾರೆ, ನೀನು ಹೇಳಿದ್ದೇ ಸರಿ ಅಂತ ಬರ್ಕೊಂಡಿದೀನಿ. ನೋಡು ಬೇಕಾದ್ರೆ.”

ಇಲಾರ್ಯೊ ಹಾಳೆ ಇಸಿದುಕೊಂಡು ಓದಿದ. ಆಮೇಲೆ ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕರು, ಒಬ್ಬರ ಹೆಗಲು ಒಬ್ಬರು ತಟ್ಟಿದರು. ನಗು ಪೂರ್ತಿ ನಿಲ್ಲುವ ಮೊದಲೇ ಇಲಾರ್ಯೊನ ಹುಬ್ಬು ಗಂಟಿಕ್ಕಿತು.

“ಅಲ್ಲ, ನಾನು ಇಷ್ಟು ಕಷ್ಟಪಟ್ಟು ಒಪ್ಕೊಂಡದ್ದನ್ನ ನೀನು ಕೈಬಿಟ್ಟೆಯಾ?”

ತಿಳಿದವನೆಂದುಕೊಂಡಿದ್ದೆ, ವಯಸ್ಸಾದ ಮೇಲೆ ನೀನೇ ಹಾದಿ ತಪ್ಪಿದೆಯಲ್ಲ ಎಂದು ಫೆರ್ಮಿನ್ ತಿರುಗಿಬಿದ್ದ. ಇವನು ಅವನನ್ನು ಅವಕಾಶವಾದಿ ಎಂದ, ಅವನು ಇವನನ್ನು ಪರಿಷ್ಕರಣವಾದಿ ಎಂದ. ಇಪ್ಪತ್ತೆಂಟು ವರ್ಷಗಳ ಹಿಂದೆ ಆಡಿದ ಮಾತುಗಳೇ, ಆಡುವ ಬಾಯಿಗಳು ಮಾತ್ರ ಅದಲುಬದಲು. ಎದುರಿನ ಮನೆಯವರು ಕಿಟಕಿ ತೆರೆದು ಇಣುಕಿದರು. ಇಲಾರ್ಯೊ ಟೋಪಿ ಎತ್ತಿಕೊಂಡು ಬಾಗಿಲತ್ತ ನಡೆದ. ಈಗ ಹೋದರೆ ಅಣ್ಣ ಇನ್ನು ಬರುವುದು ತನ್ನನ್ನು ಮಣ್ಣು ಮಾಡುವುದಕ್ಕೇ ಎಂದು ಪಿಲಾರಳಿಗೆ ಖಾತ್ರಿಯಾಯಿತು.

“ಅಣ್ಣಾ, ಕೂತ್ಕೋ,” ಎಂದಳು. “ಸಭೆ ಇನ್ನೂ ಮುಗಿದಿಲ್ಲ. ನನ್ನ ಸರದಿ ಬಾಕಿ ಇದೆ.”

ಅವಳಿಗೂ ಒಂದು ಸರದಿ ಇದೆಯೆಂಬುದು ಇಬ್ಬರಿಗೂ ಹೊಳೆದೇ ಇರಲಿಲ್ಲ. ಪಕ್ಷ ಒಂದಾಗಿದ್ದಾಗ ಅಕ್ಕಿ ಡಬ್ಬದಲ್ಲಿ ಕಾಗದಪತ್ರ ಬಚ್ಚಿಟ್ಟವಳು, ಪೊಲೀಸರಿಗೆ ಕಾಫಿ ಕುಡಿಸಿ ಸಾಗಹಾಕಿದವಳು ಅವಳು. ಒಡೆದ ಮೇಲೆ ನೀನು ಯಾವ ಕಡೆ ಎಂದು ಅವಳನ್ನು ಯಾರೂ ಕೇಳಿರಲಿಲ್ಲ. ಆದರೂ ಶಿಸ್ತು ಶಿಸ್ತೇ. ಇಲಾರ್ಯೊ ಟೋಪಿಯನ್ನು ತೊಡೆಯ ಮೇಲಿಟ್ಟುಕೊಂಡು ಕೂತ. ಫೆರ್ಮಿನ್ ಕೂಡ ಕೂತ.

ಪಿಲಾರ್ ಕೈ ಒರೆಸಿಕೊಂಡು, ಮೇಜಿನ ಮುಂದೆ ನೆಟ್ಟಗೆ ನಿಂತಳು.

“ಪುಸ್ತಕ ಕಳಿಸ್ತಿದ್ದೋಳು ನಾನು. ಒಬ್ರನ್ನೊಬ್ರು ಅರ್ಥ ಮಾಡ್ಕೊಂಡ್ರೆ ಅಣ್ಣ ಮನೆಗೆ ಬರ್ತಾನೆ ಅಂತ ಆಸೆ ಇತ್ತು. ಇಬ್ರಿಗೂ ಕಳಿಸ್ದೆ. ಅದೇ ನನ್ನ ತಪ್ಪು. ಒಬ್ರಿಗೆ ಮಾತ್ರ ಕಳಿಸ್ಬೇಕಿತ್ತು.”

ಭಾವಂದಿರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಇದು ಶಿಸ್ತಿನ ಉಲ್ಲಂಘನೆ ಎಂದು ಫೆರ್ಮಿನ್ ನಿಧಾನವಾಗಿ ಹೇಳಿದ. ಎರಡೂ ಬಣಗಳ ಒಳಗೆ ನುಸುಳಿ ಮಾಡಿದ್ದು, ಹಾಗಾಗಿ ಬಹಳ ಗಂಭೀರವಾದದ್ದು ಎಂದು ಇಲಾರ್ಯೊ ಸೇರಿಸಿದ. ತಪ್ಪು ಪಿಲಾರಳದ್ದೇ ಎಂಬುದಕ್ಕೆ ಇಬ್ಬರೂ ಕೈ ಎತ್ತಿದರು.

ಇಪ್ಪತ್ತೆಂಟು ವರ್ಷಗಳಲ್ಲಿ ಅವರಿಬ್ಬರೂ ಒಮ್ಮತದಿಂದ ಮಾಡಿದ ಮೊದಲ ನಿರ್ಣಯ ಅದು. ಪಿಲಾರ್ ತಲೆಬಾಗಿ ಒಪ್ಪಿಕೊಂಡು, ಅಣ್ಣನ ತಟ್ಟೆಗೆ ಬಡಿಸತೊಡಗಿದಳು.