ಕೆಮ್ಮಿದಲ್ಲಿ ಕತ್ತರಿ

ಹನ್ನೆರಡೂವರೆ ದಾಟಿತ್ತು. ಒಂದು ಗಂಟೆಗೆ ಹಾಲ್ ಖಾಲಿ ಮಾಡಬೇಕು. ಹ್ಯೂಸ್ಟನ್ನಿನ ಕನ್ನಡ ಬಳಗದ ಅಧ್ಯಕ್ಷ ನಂಜುಂಡಸ್ವಾಮಿ ಇನ್ನೂ ಮೈಕ್ ಬಿಟ್ಟಿರಲಿಲ್ಲ. ಪಕ್ಕದ ಕುರ್ಚಿಯಲ್ಲಿ ಫ್ರೆಂಚ್ ನಿರ್ದೇಶಕಿ ಸೊಲೆನ್, ತಲೆಗೆ ಮೈಸೂರು ಪೇಟ, ಹೆಗಲಿಗೆ ಶಾಲು, ಮಡಿಲಲ್ಲಿ ಹಣ್ಣಿನ ಬುಟ್ಟಿ ಹೊತ್ತು ಕೂತಿದ್ದರು.

ಅವರನ್ನು ಆಸ್ಟಿನ್‌ನಿಂದ ಕರೆತಂದವಳು ಬಳಗದ ಕಿರಿಯ ಸದಸ್ಯೆ ಸುಚೇತಾ. ಮೂವತ್ತು ವರ್ಷಗಳಿಂದ ಯಾವ ಕಂಪನಿಯ ಹಂಗೂ ಇಲ್ಲದೆ ತಾವೇ ಬರೆದು ತಾವೇ ಚಿತ್ರ ತೆಗೆಯುವ ಸೊಲೆನ್‌ಗೆ ಒಂದು ಪದ್ಧತಿ. ಚಿತ್ರ ಮುಗಿಸುವ ಮೊದಲು ಗುರುತಿಲ್ಲದ ಜನಕ್ಕೆ ತೋರಿಸಬೇಕು. "ಅವರು ಕೆಮ್ಮಿದ ಕಡೆ ಕತ್ತರಿಸ್ತೀನಿ," ಎಂದಿದ್ದರು ಕಾರಿನಲ್ಲಿ. ಈ ಇಪ್ಪತ್ತು ನಿಮಿಷದ ಚಿತ್ರಕ್ಕೆ ಇದೊಂದೇ ಅವಕಾಶ; ರಾತ್ರಿ ಡಲ್ಲಾಸ್‌ನಿಂದ ವಿಮಾನ. ಖಂಡಿತ ತೋರಿಸ್ತೀವಿ ಎಂದು ಮಾತು ಕೊಟ್ಟವಳೂ ಸುಚೇತಾಳೇ.

ಅವಳು ಬಗ್ಗಿಕೊಂಡೇ ವೇದಿಕೆಯ ಹತ್ತಿರ ಹೋದಳು. "ಅಂಕಲ್, ಫಿಲ್ಮ್..."

ನಂಜುಂಡಸ್ವಾಮಿ ಮೈಕಿಗೆ ಅಂಗೈ ಮುಚ್ಚಿದರು. "ಇರು ಪುಟ್ಟಾ, ಸನ್ಮಾನಪತ್ರ ಓದದೆ ಕಳ್ಸೋಕಾಗುತ್ತಾ? ನೀನು ಆಮೇಲೆ ಲಿಂಕ್ ಹಾಕು, ಎಲ್ಲರೂ ಮನೇಲಿ ನೋಡ್ಕೋತಾರೆ."

"ಅಲ್ಲ ಅಂಕಲ್, ಅದು..." ಎಂದಿನಂತೆ ಅವಳು ಮಾತನ್ನು ಅರ್ಧಕ್ಕೇ ಬಿಟ್ಟಳು.

ಸೊಲೆನ್ ಚೌಕಟ್ಟು ಹಾಕಿದ ಪತ್ರದ ಕಡೆ ಬೆರಳು ಮಾಡಿ, ಮೆಲ್ಲಗೆ ಇಂಗ್ಲಿಷಿನಲ್ಲಿ ಕೇಳಿದರು. "ಅದರಲ್ಲಿ ಏನು ಬರೆದಿದೆ?"

"ಜೀವಮಾನದ ಸಾಧನೆ ಅಂತ."

"ಹಾಗಾದ್ರೆ ನನ್ನ ಕೆಲಸ ಮುಗೀತಾ?"

ಸುಚೇತಾ ನೇರ ಬಾಗಿಲ ಬಳಿ ನಡೆದು ಒಂದೊಂದೇ ಸ್ವಿಚ್ ಆರಿಸಿದಳು. "ಟೆಕ್ಸಾಸಲ್ಲೂ ಲೋಡ್ ಶೆಡ್ಡಿಂಗಾ?" ಎಂದು ಹಿಂದಿನ ಸಾಲಿನಿಂದ ಯಾರೋ ನಕ್ಕರು. "ಇನ್ನು ಎರಡೇ ಮಾತು," ಎಂದರು ಕತ್ತಲಿನಿಂದ ನಂಜುಂಡಸ್ವಾಮಿ. ಪರದೆಯ ಪಕ್ಕದ ಕಿಟಕಿಯಿಂದ ಮಾತ್ರ ಬಿಸಿಲು ಬೀಳುತ್ತಲೇ ಇತ್ತು. ಸೊಲೆನ್ ಎದ್ದು, ಬುಟ್ಟಿ ಕೆಳಗಿಟ್ಟು, ಸನ್ಮಾನದ ಶಾಲನ್ನು ಕಿಟಕಿಗೆ ಅಡ್ಡ ಸಿಕ್ಕಿಸಿದರು. ಸುಚೇತಾ ಲ್ಯಾಪ್‌ಟಾಪಿನ ಗುಂಡಿ ಒತ್ತಿದಳು.

ಪರದೆಯ ಮೇಲೆ ಮುದುಕನೊಬ್ಬ ಹೆಂಗಸಿನ ಒಂದು ಜೊತೆ ಶೂಗಳಿಗೆ ಮಾತಿಲ್ಲದೆ ಪಾಲಿಶ್ ಹಾಕುತ್ತಿದ್ದ. ಸೊಲೆನ್ ಪರದೆಗೆ ಬೆನ್ನು ಹಾಕಿ, ಜನರ ಕಡೆ ತಿರುಗಿ, ಪೇಟ ತೆಗೆಯದೆಯೇ ಕಾಗದ, ಪೆನ್ಸಿಲ್ ಹಿಡಿದು ಕೂತರು. ನಂಜುಂಡಸ್ವಾಮಿ ಮೈಕ್ ಆರಿಸುವುದನ್ನು ಮರೆತಿದ್ದರು. ಅವರ ಉಸಿರು ಇಡೀ ಹಾಲಿಗೆ ಕೇಳುತ್ತಿತ್ತು. ಐದನೇ ನಿಮಿಷಕ್ಕೆ ಅವರಿಗೆ ಕೆಮ್ಮು ಬಂತು. ಅದನ್ನು ಅವರು ನುಂಗಿಕೊಂಡದ್ದೂ ಎಲ್ಲರಿಗೂ ಕೇಳಿಸಿತು.

ಸೊಲೆನ್ ಎತ್ತಿದ ಪೆನ್ಸಿಲ್ ಕಾಗದಕ್ಕೆ ಇಳಿಯಲಿಲ್ಲ.