ಒಂದು ಪಾಯಿಂಟ್ ಎಂಟು

ಡೈರಿಯಲ್ಲೂ ಸುಳ್ಳು ಬರೆದೆನಲ್ಲ ಎಂಬ ಚಿಂತೆ ರಾಧಿಕಾಳಿಗೆ ಹತ್ತಿಕೊಂಡಿದ್ದು, ಕಮಲಾಪುರದ ಬಸ್ಸು ಕಲಬುರಗಿ ದಾಟಿದ ಮೇಲೆ. ‘ಆಟ ತಾನಾಗಿಯೇ ಅಪ್‌ಡೇಟ್ ಆಯಿತು’ ಎಂದು ಏಳು ತಿಂಗಳ ಹಿಂದೆ ನೀಟಾಗಿ ಬರೆದು, ಕೆಳಗೆ ಗೆರೆ ಎಳೆದಿದ್ದಳು. ಬೇರೆ ಯಾರೂ ಓದದ ಪುಸ್ತಕ ಅದು. ತಾನಾಗಿ ಏನೂ ಆಗಿರಲಿಲ್ಲ. ಗೆಳತಿ ಅಫ್ರೀನ್‌ಳ ಮದುವೆಯಾದ ಇಪ್ಪತ್ತನೇ ದಿನ, ಜೇವರ್ಗಿ ಕಾಲೋನಿಯಲ್ಲಿ ಟ್ಯೂಷನ್ ಹೇಳಿ ಮನೆಗೆ ಬಂದು, ಚಪ್ಪಲಿ ಕೂಡ ಬಿಡದೆ ಮಂಚದ ಮೇಲೆ ಕೂತು, ರಾಧಿಕಾಳೇ ‘ಅಪ್‌ಡೇಟ್’ ಮೇಲೆ ಬೆರಳಿಟ್ಟು ಒತ್ತಿದ್ದಳು.

ಡಿಗ್ರಿಯ ಮೂರು ವರ್ಷ ಗೆಳತಿಯರಿಬ್ಬರೂ ಆಡಿದ್ದು ಅದೊಂದೇ ಆಟ. ಇಟ್ಟಿಗೆಯ ಮೇಲೆ ಇಟ್ಟಿಗೆ ಇಟ್ಟು ಕಟ್ಟುವುದು. ಅಫ್ರೀನ್‌ಳ ಫೋನಿನಲ್ಲಿ ಕಲಬುರಗಿಯ ಕೋಟೆಯನ್ನೇ ಎಬ್ಬಿಸಿದ್ದರು. ಒಂದು ಬುರುಜು ಬಾಕಿ ಇರುವಾಗ ಅವಳ ನಿಕಾಹ್ ಗೊತ್ತಾಯಿತು. ಜೊತೆಗೆ ಆಡಬೇಕೆಂದರೆ ಎರಡೂ ಫೋನಿನಲ್ಲಿ ಆಟದ ಆವೃತ್ತಿ ಒಂದೇ ಇರಬೇಕು. ಹೊಸ ಆವೃತ್ತಿಯಲ್ಲಿ ಹಳೆಯ ಕೋಟೆ ತೆರೆಯುವುದಿಲ್ಲ. ಅದಕ್ಕೇ ಇಬ್ಬರಲ್ಲಿ ಯಾರೂ ಅಪ್‌ಡೇಟ್ ಒತ್ತಬಾರದು ಎಂದು ಮಾತಾಗಿತ್ತು. ಮೊನ್ನೆ ಅಫ್ರೀನ್ ಫೋನ್ ಮಾಡಿ, “ಐತವಾರ ಬಾ, ಬುರುಜು ಮುಗಸೋಣು” ಎಂದಾಗ ರಾಧಿಕಾ ‘ಹೂಂ’ ಎಂದುಬಿಟ್ಟಿದ್ದಳು.

ಕಮಲಾಪುರದ ಗಂಡನ ಮನೆಯ ಬಾಗಿಲಲ್ಲೇ ಅಫ್ರೀನ್ ನಿಂತಿದ್ದಳು. ಕೈಹಿಡಿದು ಒಳಗೆ ಎಳೆದುಕೊಂಡು ಹೋಗಿ, ತಟ್ಟೆಯಲ್ಲಿ ಕೆಂಪು ಬಾಳೆಹಣ್ಣು ಇಟ್ಟು, ಕಪಾಟಿನ ಬಟ್ಟೆಗಳ ಅಡಿಯಿಂದ ಹಳೆಯ ಫೋನು ತೆಗೆದಳು. ಗಾಜು ಮೂಲೆಯಲ್ಲಿ ಒಡೆದಿತ್ತು.

“ನೋಡ್ರಿ ರಾಧಿಕಕ್ಕಾ,” ಎಂದಳು ಅವಳ ನಾದಿನಿ ಗುಲ್ಶನ್, ಹಣ್ಣು ಸುಲಿಯುತ್ತ. “ನಮ್ಮಣ್ಣ ಹೊಸಾ ಫೋನ್ ತಂದುಕೊಟ್ಟಾನ. ಹಳೇದು ನನಗ ಕೊಡು ಅಂದ್ರ ಭಾಬಿ ಕೊಡಂಗಿಲ್ಲ. ತವರುಮನಿ ಬಂಗಾರಾನರ ಮುಟ್ಟಾಕ ಕೊಡ್ತಾಳ, ಇದನ್ನ ಕೊಡಂಗಿಲ್ಲ.”

“ನಿನ್ನ ಕೈಗೆ ಕೊಟ್ರ ಕ್ವಾಟಿ ತುಂಬ ಎಮ್ಮಿ ಕಟ್ತಿ ನೀ,” ಎಂದು ಅಫ್ರೀನ್ ನಕ್ಕಳು. “ರಾಧೀ, ಏಳು ತಿಂಗಳಾತು. ದಿನಾ ಅಪ್‌ಡೇಟ್ ಮಾಡು, ಅಪ್‌ಡೇಟ್ ಮಾಡು ಅಂತದ. ನಾ ಒತ್ತಿಲ್ಲ ನೋಡು.” ಸೆಟ್ಟಿಂಗ್ ತೆರೆದು ತೋರಿಸಿದಳು. ತೀರಾ ಕೆಳಗೆ, ಸಣ್ಣ ಅಕ್ಷರದಲ್ಲಿ ಆವೃತ್ತಿ 1.8 ಎಂದಿತ್ತು. “ನಿಂದೂ ಅಷ್ಟೇ ಅದ ಹೌದಿಲ್ಲ?”

ರಾಧಿಕಾ ತನ್ನ ಫೋನಿನಲ್ಲಿ ಅದೇ ಜಾಗಕ್ಕೆ ಹೋದಳು. 2.1. ಬಸ್ಸಿನಲ್ಲಿ ಮೂರು ಸಲ ನೋಡಿದಾಗಲೂ ಅದೇ ಇತ್ತು. ಫೋನನ್ನು ಎದೆಗೆ ಆನಿಸಿಕೊಂಡಳು.

“ಒಂದು ಪಾಯಿಂಟ್ ಎಂಟು,” ಎಂದಳು.

ಅಫ್ರೀನ್ ಹಾಟ್‌ಸ್ಪಾಟ್ ಹಚ್ಚಿದಳು. ಇಬ್ಬರೂ ಗೋಡೆಗೆ ಒರಗಿ, ಕಾಲೇಜಿನಲ್ಲಿ ಕೂರುತ್ತಿದ್ದ ಹಾಗೆ ಮೊಣಕಾಲಿಗೆ ಮೊಣಕಾಲು ತಾಗಿಸಿ ಕೂತರು. ಪರದೆಯ ಮೇಲೆ ಚಕ್ರ ತಿರುಗಿತು, ನಿಂತಿತು. ಜೊತೆಗೂಡಲು ಆಗುತ್ತಿಲ್ಲ ಎಂದು ಬಂತು. ಇನ್ನೊಮ್ಮೆ ಮಾಡಿದರು. ಮತ್ತೆ ಅದೇ.

“ನಂದೇ ಖರಾಬ್ ಆಗ್ಯಾದ,” ಎಂದಳು ಅಫ್ರೀನ್. ಫೋನನ್ನು ಅಂಗೈ ಮೇಲೆ ಬಡಿದಳು. “ಒಗಿಯೋ ಕಲ್ಲಿನ ಮ್ಯಾಲ ಬಿದ್ದಿತ್ತು ಒಮ್ಮೆ. ಅವತ್ತೇ ಏನೋ ಆಗ್ಯಾದ.”

“ನಿಂದಲ್ಲ…” ಎಂದು ಶುರುಮಾಡಿದ ರಾಧಿಕಾ, “ಸಿಗ್ನಲ್ ಇರಬೇಕು,” ಎಂದು ಮುಗಿಸಿದಳು.

“ಹಾಟ್‌ಸ್ಪಾಟಿಗೆ ಎಲ್ಲಿ ಸಿಗ್ನಲ್ಲಕ್ಕಾ?” ಗುಲ್ಶನ್ ಬಗ್ಗಿ ನೋಡಿದಳು. “ಭಾಬಿ, ಆಟ ತೆಗೆದು ಮತ್ತ ಹಾಕ್ರಿ. ಹೊಸಾದೇ ಬರ್ತದ. ಅಕ್ಕಾರ ಫೋನಿನ್ಯಾಗೂ ಹೊಸಾದ್ ಮಾಡ್ರಿ. ಜಗಳಾನೇ ಇಲ್ಲ.”

“ಕ್ವಾಟಿ ಹೋಗ್ತದಲ್ಲೇ.”

“ಆಡಾಕ ಬರಲಾರದ ಕ್ವಾಟಿ ಇಟ್ಕೊಂಡು ಏನು ಉಪ್ಪಿನಕಾಯಿ ಹಾಕ್ತೀರೇನು?”

ಅಫ್ರೀನ್ ಕೋಟೆಯನ್ನು ತೆರೆದು ಒಮ್ಮೆ ಸುತ್ತು ಹಾಕಿಸಿದಳು. ಹೆಬ್ಬಾಗಿಲು, ಮಸೀದಿಯ ಸಾಲು ಕಮಾನು, ಪರೀಕ್ಷೆಯ ಹಿಂದಿನ ದಿನ ಬೈಸಿಕೊಳ್ಳುತ್ತ ಕಟ್ಟಿದ ಕಂದಕ. ಕೊನೆಗೆ, ಅರ್ಧಕ್ಕೆ ನಿಂತ ಬುರುಜು. ಆಮೇಲೆ ಹೊರಬಂದು, ಆಟದ ಚಿತ್ರದ ಮೇಲೆ ಬೆರಳನ್ನು ಒತ್ತಿ ಹಿಡಿದಳು. ತೆಗೆದುಹಾಕಬೇಕೆ ಎಂದು ಫೋನು ಕೇಳಿತು.

“ಹೋಗ್ಲಿ ಬಿಡು,” ಎಂದಳು. “ನೀ ಬಂದಿದಿ, ಅಷ್ಟು ಸಾಕು. ಇಬ್ಬರೂ ಕೂತು ಹೊಸಾದ್ ಕಟ್ಟೋಣು.”

ರಾಧಿಕಾಳಿಗೆ ಲೆಕ್ಕ ತಟ್ಟನೆ ಹೊಳೆಯಿತು. ಈಗ ಸುಮ್ಮನಿದ್ದರೆ ಮುಗಿಯಿತು. ಅಫ್ರೀನ್‌ಳ ಫೋನಿಗೂ 2.1 ಬರುತ್ತದೆ. ತಾನೂ ಹೊಸದು ಹಾಕಿಕೊಳ್ಳುವವಳ ಹಾಗೆ ಎರಡು ನಿಮಿಷ ಫೋನು ಹಿಡಿದು ಕೂತರೆ ಆಯಿತು. ಎರಡೂ ಕೂಡುತ್ತವೆ. ಯಾರಿಗೂ, ಯಾವತ್ತೂ ಗೊತ್ತಾಗುವುದಿಲ್ಲ. ಡೈರಿಯಲ್ಲಿ ಬರೆದದ್ದೇ ನಿಜವಾಗಿ ಉಳಿಯುತ್ತದೆ.

ಅಫ್ರೀನ್‌ಳ ಹೆಬ್ಬೆರಳು ‘ಹೌದು’ ಎಂಬುದರ ಹತ್ತಿರ ಹೋಯಿತು. ರಾಧಿಕಾ ಆ ಬೆರಳನ್ನು ಮುಷ್ಟಿಯಲ್ಲಿ ಹಿಡಿದುಕೊಂಡಳು.

“ಯಾಕಲೇ?”

ರಾಧಿಕಾ ತನ್ನ ಫೋನನ್ನು ಎದೆಯಿಂದ ತೆಗೆದು, ಪರದೆ ಮೇಲ್ಮುಖ ಮಾಡಿ, ಬಾಳೆಹಣ್ಣಿನ ತಟ್ಟೆಯ ಪಕ್ಕ ಇಟ್ಟಳು. ಅಫ್ರೀನ್ ಅಂಕಿ ಓದಿದಳು. ಗುಲ್ಶನ್ ಕೂಡ ಓದಿ, ಅಗಿಯುವುದನ್ನು ನಿಲ್ಲಿಸಿದಳು.

“ತಾನಾಗೇ ಆತೇನು?” ಎಂದು ಅಫ್ರೀನ್ ಕೇಳಿದಳು. ‘ಹೂಂ ಅನ್ನು, ನಾನು ನಂಬುತ್ತೇನೆ’ ಎಂಬಂತಿತ್ತು ಆ ದನಿ.

“ಇಲ್ಲ, ನಾನೇ ಒತ್ತಿದೆ,” ಎಂದಳು ರಾಧಿಕಾ. “ಮದುವಿ ಆದ ಮ್ಯಾಲ ನೀ ಮತ್ತ ನನ್ನ ಜೋಡಿ ಆಡಾಕ ಕೂಡ್ತಿ ಅಂತ ನನಗ ಅನಿಸಿರಲಿಲ್ಲ.”